ತೋರುಬೆರಳಿನ ಸದ್ದು

ಇಂಥದ್ದನ್ನು ಯಾರಾದರೂ ಹೇಳಹೊರಟರೆ ನಾನು ಅರ್ಧಕ್ಕೇ ತಡೆದು ಬೇರೆ ಮಾತು ತೆಗೆಯುತ್ತಿದ್ದೆ. ಈಗ ಹಾಗೆ ಮಾಡುವುದಿಲ್ಲ. ನಂಬುತ್ತೇನೆ ಎಂದಲ್ಲ; ಕಂಡದ್ದನ್ನು ಕಂಡ ಹಾಗೆ ಬರೆಯುತ್ತೇನೆ, ಅಷ್ಟೆ.

ಅಪ್ಪನ ಬ್ಯಾಂಕ್ ವರ್ಗಾವಣೆಯಿಂದ ಧಾರವಾಡ ಬಿಟ್ಟು ವಿಶಾಖಪಟ್ಟಣ ಸೇರಿದವಳು ನಾನು. ಈಗ ವಿಜಯವಾಡದಲ್ಲಿ ಸಿನಿಮಾ ಎಡಿಟಿಂಗ್ ಮಾಡುತ್ತೇನೆ. ಕೆಲಸ ಕಲಿಸಿದವರನ್ನು ನಾವೆಲ್ಲ ತೆಲುಗರ ರೂಢಿಯಂತೆ ಮಾಸ್ಟರ್‌ಗಾರು ಎನ್ನುತ್ತಿದ್ದೆವು. ದೃಶ್ಯವನ್ನು ಮೊದಲು ಸದ್ದಿಲ್ಲದೆ ನೋಡುವುದು ಅವರ ಪದ್ಧತಿ. ಎಲ್ಲಿ ಕತ್ತರಿಸಬೇಕೋ ಅಲ್ಲಿ ತೋರುಬೆರಳಿನಿಂದ ಮೇಜಿಗೆ ಒಮ್ಮೆ ತಟ್ಟುವರು. ಪಕ್ಕದಲ್ಲಿ ಕೂತ ನಾನು ಗುರುತು ಹಾಕಬೇಕು. ಹನ್ನೊಂದು ವರ್ಷ ಹಾಗೆ ಕೂತಿದ್ದೆ.

ಆಮೇಲೆ ಅವರಿಗೆ ಪಾರ್ಶ್ವವಾಯು ಬಡಿಯಿತು. ಮಾತು ಹೋಯಿತು, ಯಾರ ಗುರುತೂ ಉಳಿದಿಲ್ಲ ಎಂದರು ಡಾಕ್ಟರು. ಎಂಟು ತಿಂಗಳು ಕಳೆದ ಮೇಲೆ ವಿಶಾಖಪಟ್ಟಣದ ಹೊರಗಿನ ಪೆಂಡುರ್ತಿಯ ಒಂದು ಆರೈಕೆ ಕೇಂದ್ರಕ್ಕೆ ಸೇರಿಸಲು ಮಗ ಏರ್ಪಾಡು ಮಾಡಿದ. ಮಾಸ್ಟರ್‌ಗಾರು ಅವರ ಹೆಂಡತಿ ಕಮಲಕ್ಕ ಹುಬ್ಬಳ್ಳಿಯವರು. ಮಂಡಿನೋವಿನಲ್ಲೇ ಗಂಡನನ್ನು ಎತ್ತಿ ಇಳಿಸಿ ಸೋತಿದ್ದರು. "ಸೋಮವಾರ ಕರ್ಕೊಂಡು ಹೋಗ್ತಾರ. ಒಮ್ಮೆ ಬಂದು ನೋಡ್ಕೊಂಡು ಹೋಗವಾ" ಎಂದು ಫೋನ್ ಮಾಡಿದರು. ಶನಿವಾರ ಬೆಳಗ್ಗೆ ವಿಶಾಖಪಟ್ಟಣದ ರೈಲು ಹತ್ತಿದೆ.

ಮಧ್ಯಾಹ್ನ ಮಾಸ್ಟರ್‌ಗಾರು ಕಬ್ಬಿಣದ ಮಂಚದಲ್ಲಿ ಗೋಡೆಗೆ ಮುಖ ಮಾಡಿ ಮಲಗಿದ್ದರು. ಅವರ ಬೆನ್ನ ಹಿಂದೆ ಊಟದ ಮೇಜಿನ ಮೇಲೆ ನಾನು ಲ್ಯಾಪ್‌ಟಾಪ್ ತೆರೆದೆ. ಸಂಜೆಯೊಳಗೆ ಒಪ್ಪಿಸಬೇಕಾದ ದೃಶ್ಯ: ಪರವಾಡದ ಔಷಧ ಕಂಪನಿಯ ಬಸ್ಸಿಗೆ ಮಗಳನ್ನು ಹತ್ತಿಸಿ ಅಪ್ಪ ಕೈ ಬೀಸುತ್ತಾನೆ. ಸದ್ದು ಪೂರ್ತಿ ತೆಗೆದಿದ್ದೆ.

ಟಕ್ ಎಂದಿತು. ನೋಡಿದರೆ ಅವರ ಬೆರಳು ಮಂಚದ ಸರಳಿನ ಮೇಲಿತ್ತು. ದೃಶ್ಯದಲ್ಲಿ ಏಳು ಕಟ್ ಇದ್ದವು. ಆರು ಸಲ ಬೆರಳು ಸರಿಯಾಗಿ ಕಟ್ ಇದ್ದಲ್ಲೇ ತಟ್ಟಿತು. ಏಳನೆಯದು ಮಾತ್ರ ನನ್ನ ಕಟ್‌ಗಿಂತ ಮೊದಲೇ ಬಂತು, ಅಪ್ಪನ ಕೈ ಇನ್ನೂ ಮೇಲಿದ್ದಾಗ. ಮತ್ತೆ ಓಡಿಸಿದೆ. ಹಾಗೇ ಆಯಿತು.

"ಅಕ್ಕಾ, ಬೆರಳು ಆಗಾಗ ಹಿಂಗ ಆಡ್ತದೇನು?"

"ಎಲ್ಲೀದವಾ! ನೊಣ ಕುಂತ್ರೂ ಓಡಿಸಿಲ್ಲ" ಎಂದು ಕಮಲಕ್ಕ ಅಡುಗೆಮನೆಯಿಂದ ಬಂದರು.

ಮೂರನೆಯ ಸಲ ಕಮಲಕ್ಕ ಬೆರಳು ನೋಡಿದರು, ನಾನು ಪರದೆ ನೋಡಿದೆ. ವ್ಯತ್ಯಾಸವಾಗಲಿಲ್ಲ. ಕಮಲಕ್ಕ ಗಂಡನ ಕಿವಿಯ ಹತ್ತಿರ ಬಗ್ಗಿ, "ಏನ್ರೀ, ಎಂಟು ತಿಂಗಳು ನಾ ಒಬ್ಬಾಕಿನೇ ಒದರಿದೆ, ಹೂಂ ಅನ್ನಲಿಲ್ಲ. ಈಕಿ ಬಂದಕೂಡ್ಲೇ ಡ್ಯೂಟಿಗೆ ಹಾಜರಾದ್ರೇನು?" ಎಂದು ನಗುತ್ತಲೇ ಅತ್ತರು.

ಏಳನೆಯ ಸಲ ಮಾಸ್ಟರ್‌ಗಾರು ತಟ್ಟಿದಲ್ಲೇ ಕತ್ತರಿಸಿದೆ. ದೃಶ್ಯ ಸರಿಹೋಯಿತು. ನಾಲ್ಕನೆಯ ಸಲ ಓಡಿಸಿದಾಗ ಬೆರಳು ಅಲುಗಲಿಲ್ಲ. ಮುಂದೆ ಎಂದೂ ಅಲುಗಲಿಲ್ಲ. ಅವರ ದಿಂಬಿನ ಪಕ್ಕ ತಲೆಯಿಟ್ಟು ನೋಡಿದೆ. ಸುಣ್ಣದ ಗೋಡೆ ಬಿಟ್ಟು ಬೇರೇನೂ ಕಾಣುತ್ತಿರಲಿಲ್ಲ.

ಕಮಲಕ್ಕ ಸೋಮವಾರದ ಗಾಡಿಯನ್ನು ಬೇಡವೆಂದರು. ಮಾಸ್ಟರ್‌ಗಾರು ತೀರಿಹೋಗುವವರೆಗೆ, ಎರಡು ವರ್ಷ, ಆ ಮಂಡಿಯಲ್ಲೇ ಮನೆಯಲ್ಲಿ ನೋಡಿಕೊಂಡರು.

ನರಗಳು ಹಾಗೆ ಮಿಡಿಯುವುದುಂಟು ಎಂದು ಡಾಕ್ಟರು ಹೇಳಿದರು. ಇರಬಹುದು. ಹಾಗಿದ್ದರೆ ಆ ಎರಡು ವರ್ಷದ ಕಷ್ಟವನ್ನು ಕಮಲಕ್ಕನ ಮೇಲೆ ಹೇರಿದವಳು ನಾನೇ. ಒಮ್ಮೆ ಹೆದರುತ್ತಲೇ ಇದನ್ನು ಅವರ ಮುಂದೆ ಎತ್ತಿದೆ.

"ನಾ ಹೇಳಿದ್ದೆಲ್ಲಾ ಕೇಳಿಸಿಕೊಂಡೇ ಹೋದರವಾ ಅವರು" ಎಂದರು. "ನಿನಗ್ಯಾಕ ಅನುಮಾನ?"

ಇಲ್ಲ ಎಂದೆ. ಅನುಮಾನ ಇದೆ. ಆದರೆ ಯಾವುದರ ಮೇಲೆ ಎಂಬುದು ಇವತ್ತಿಗೂ ನನಗೆ ತಿಳಿದಿಲ್ಲ.