ಆರದ ಎಣ್ಣೆಯ ಹಲಗೆಕಟ್ಟೆ

ಹೊಸ ಕಟ್ಟಿಗೆಗೆ ಎಣ್ಣೆ ಯಾವಾಗ ಬಳಿಯಬೇಕೆಂದು ಯಾರಾದರೂ ಕೇಳಿದರೆ ನಾನು ಮಾತು ಬದಲಿಸಿ ಮಳೆಯ ವಿಷಯ ತೆಗೆಯುತ್ತೇನೆ. ಉತ್ತರ ಗೊತ್ತಿಲ್ಲವೆಂದಲ್ಲ. ಗೊತ್ತಾದ ಬಗೆ ನೆನಪಾದರೆ ಇವತ್ತಿಗೂ ನಾಚಿಕೆಯಾಗುತ್ತದೆ.

ಎಪ್ಪತ್ತರ ದಶಕ. ನಾನು ಕೊಟ್ಟೂರಿನಲ್ಲಿ ಗುಮಾಸ್ತನಾಗಿ ಸಂಬಳ ತರತೊಡಗಿದ್ದೆ. ನಮ್ಮ ಕೇರಿ ಕಂಡ ಮೊದಲ ತಿಂಗಳ ಸಂಬಳ ಅದು. ಅಪ್ಪನಿಗೆ ಒಂದೇ ಆಸೆ: ಮನೆ ಮುಂದೆ ಕೂಡಲು ಒಂದು ಕಟ್ಟೆ. ಅವನೂ ಅವನ ಗೆಳೆಯ ದುರುಗಪ್ಪನೂ ಊರೊಳಗಿನ ಕಟ್ಟೆಗಳ ಮುಂದೆ ನಿಂತೇ ಕೂಲಿ ಕೇಳಿದವರು, ನಿಂತೇ ಮುದುಕರಾದವರು. ಆ ಕಟ್ಟೆಗಳ ಮೇಲೆ ನಮ್ಮವರು ಕೂಡುವ ಹಾಗಿರಲಿಲ್ಲ. ಕಲ್ಲಿನ ಕಟ್ಟೆ ಯಾರ ಮನೆಗಾದರೂ ಇರುತ್ತದೆ ಎಂದುಕೊಂಡು ನಾನು ಹಿತ್ತಲ ಬೇವಿನ ಮರ ಕೊಯ್ಯಿಸಿ, ಚರಂಡಿಯ ಮೇಲೆ ಹಲಗೆಯ ಕಟ್ಟೆ ಮಾಡಿಸಿದೆ. ಓದಿದವನಿಗೆ ಹೊಳೆಯುವುದೆಲ್ಲ ಹೀಗೇ ವಿಶೇಷ.

ಹಸಿ ಹಲಗೆ ಒಂದು ಬೇಸಿಗೆ ಒಣಗಲಿ, ಆಮೇಲೆ ಎಣ್ಣೆ ಕುಡಿಸು ಎಂದರು ಕೆಲವರು. ಅಷ್ಟರಲ್ಲಿ ಗೆದ್ದಲು ಊಟ ಮುಗಿಸಿ ಕೈ ತೊಳೆದಿರುತ್ತದೆ ಎಂದರು ಉಳಿದವರು. ಅವಸರದವನಾದ ನಾನು ಎರಡನೆಯ ಪಕ್ಷ ಸೇರಿದೆ. ಬಳಿಯಬೇಕಾದ್ದು ಅಗಸೆ ಎಣ್ಣೆ. ಅದು ಗಾಳಿಗೆ ಗಟ್ಟಿಯಾಗಿ ಪೊರೆ ಕಟ್ಟುತ್ತದೆ. ಆದರೆ ನಾವು ಶೇಂಗಾ ಸೀಮೆಯವರು. ಒಗ್ಗರಣೆಗೆ, ತಲೆಗೆ, ಮಂಡಿನೋವಿಗೆ, ಕೂಸಿನ ಮೈಗೆ ಎಲ್ಲಕ್ಕೂ ಶೇಂಗಾ ಎಣ್ಣೆಯೇ ಆಗಿಬರುವಾಗ ಹಲಗೆ ಮಾತ್ರ ಯಾಕೆ ಬೇರೆ ಬೇಡೀತು? ಧಾರಾಳವಾಗಿ ಸುರಿದು ತಿಕ್ಕಿದೆ. ಶೇಂಗಾ ಎಣ್ಣೆ ಆರುವುದಿಲ್ಲ. ಹಸಿ ಕಟ್ಟಿಗೆ ಅದನ್ನು ಕುಡಿಯಲೂ ಇಲ್ಲ. ಇರುವೆಗಳಿಗೆ ಹಬ್ಬವಾಯಿತು. ದಾರಿಹೋಕರು ಮಿರ್ಚಿ ಕರಿಯುತ್ತಿದ್ದಾರೇನೋ ಎಂದು ನಮ್ಮ ಬಾಗಿಲಲ್ಲಿ ಇಣುಕಿದರು.

"ಎಣ್ಣಿ ಆರ್ಲಿ, ಆಮ್ಯಾಲೆ ಕುಂದ್ರೀರಂತ" ಎಂದು ಬಂದವರಿಗೆಲ್ಲ ಹೇಳಿ ಕಳಿಸುತ್ತಿದ್ದೆ. ವಾರಗಳು ಕಳೆದವು. ಅಪ್ಪನೂ ನನ್ನಿಂದ ಆ ಮಾತು ಕಲಿತು, ಕಟ್ಟೆಯ ಒಂದು ಮೂಲೆಗೆ ಗೋಣಿಚೀಲ ಹಾಸಿಕೊಂಡು ಕಾವಲು ಕೂತ.

ಒಂದು ಸಂಜೆ ದುರುಗಪ್ಪ ಕಾಕ ಹೊಸ ಧೋತರ ಉಟ್ಟು ಬಂದ. ನಮ್ಮ ಕಟ್ಟೆಯ ಮೇಲೆ ಕೂಡಲೆಂದೇ ಉಟ್ಟಿದ್ದ. ಇನ್ನೇನು ಕೂಡಬೇಕು, ಅಪ್ಪನ ಬಾಯಿಂದ ಬಂತು: "ಮುಟ್ಟಬ್ಯಾಡಲೇ ದುರುಗ, ಅಲ್ಲೇ ನಿಂತು ಮಾತಾಡು."

ಕಾಕ ಹಿಂದೆ ಸರಿದು, ಹೆಗಲ ಮೇಲಿನ ಟವೆಲ್ಲು ಕಂಕುಳಿಗೆ ಸೇರಿಸಿ ನಿಂತ. ಊರೊಳಗೆ ಇಬ್ಬರೂ ಹಾಗೇ ನಿಲ್ಲುತ್ತಿದ್ದದ್ದು. ಅಪ್ಪನ ಮುಖ ಕಪ್ಪಿಟ್ಟಿತು. ಮಾತು ಅವನದಾದರೂ ಕಲಿಸಿದವನು ನಾನು. ಭೂಮಿ ಬಾಯಿ ಬಿಡಬಾರದೇ ಅನಿಸಿತು. ಅಪ್ಪ ಕಟ್ಟೆಯಿಂದ ಇಳಿದು ಗೆಳೆಯನ ಪಕ್ಕ ತಾನೂ ನಿಂತುಬಿಟ್ಟ. ಕಟ್ಟೆ ಮಿರಮಿರ ಮಿಂಚುತ್ತ ಖಾಲಿ ಬಿದ್ದಿತ್ತು.

ಒಳಗೋಡಿ, ಅವ್ವ ಹೊಲಿದಿದ್ದ ಹೊಸ ಕೌದಿ ತಂದು ಹಲಗೆಯ ಮೇಲೆ ಹಾಸಿದೆ. "ಅಯ್ಯ, ನನ್ನ ಕೌದಿ!" ಎನ್ನುತ್ತ ಬಾಗಿಲಿಗೆ ಬಂದ ಅವ್ವ, ನಿಂತ ಇಬ್ಬರನ್ನೂ ನೋಡಿ ತಾನೇ ಅದರ ಸುಕ್ಕು ಬಿಡಿಸಿದಳು.

"ಕುಂದರ್ರಿ ಕಾಕಾ" ಎಂದೆ.

"ಇರ್ಲಿ ಬಿಡಪಾ, ನಿಂತು ರೂಢಿ ಐತಿ."

ಅಪ್ಪ ಅವನ ರಟ್ಟೆ ಹಿಡಿದು ಕೂಡಿಸಿ ತಾನೂ ಕೂತ. ಎಣ್ಣೆ ಕೌದಿ ದಾಟಿ ಹೊಸ ಧೋತರಕ್ಕೆ ಹತ್ತಿತು. ಕಾಕ ಹಲಗೆ ತಟ್ಟಿ ನೋಡಿ ನನ್ನತ್ತ ತಿರುಗಿದ. "ನಾ ಎದ್ದು ಹೋದ ಮ್ಯಾಲೆ ನೀರು ಹಾಕಿ ತೊಳೀತೀಯೇನಪಾ ಸಾಹೇಬ?"

ಅಪ್ಪ ನಕ್ಕ. ಕಾಕನೂ ನಕ್ಕ. ನಾನು ಚಾ ತರುವ ನೆಪ ಹೇಳಿ ಒಳಗೆ ಹೋದೆ. ಅವರು ಏಳುವ ತನಕ ಹೊರಗೆ ಬರಲು ನನಗೆ ಮುಖವಿರಲಿಲ್ಲ. ಅವರೋ, ಬೇಗ ಏಳುವಂತೆ ಕಾಣಲಿಲ್ಲ.