ತಡವಾಗಿ ಜಿಗಿಯುವ ಮನುಷ್ಯ

ಅವ್ವನ ಬಲಗೈಗೆ ಲಕ್ವಾ ಹೊಡೆದು, ಆಸ್ಪತ್ರೆಯಿಂದ ಮನೆಗೆ ಬಂದ ಮೇಲೆ, ವ್ಯಾಯಾಮ ಮಾಡಿಸಲು ಶಹಾಬಾದಿನಿಂದ ಒಬ್ಬ ಮಹಿಳಾ ಫಿಜಿಯೋಥೆರಪಿಸ್ಟ್ ವಾಡಿಗೆ ಬರುತ್ತಿದ್ದರು. ಅವ್ವ ಅವರನ್ನು ‘ಡಾಕ್ಟರ್ ಬಾಯಿ’ ಎನ್ನುತ್ತಿದ್ದಳು. ಸ್ಪಂಜಿನ ಚೆಂಡು ಹಿಚುಕುವುದು, ಬಟ್ಟೆ ಒಣಹಾಕುವ ಕ್ಲಿಪ್ಪುಗಳನ್ನು ತಟ್ಟೆಯ ಅಂಚಿಗೆ ಸಿಕ್ಕಿಸಿ ತೆಗೆಯುವುದು, ಇವೇ ವ್ಯಾಯಾಮಗಳು. ಅವರು ಇರುವಷ್ಟು ಹೊತ್ತು ಅವ್ವ ಮಾಡುತ್ತಿದ್ದಳು. ಅವರು ಹೊಸ್ತಿಲು ದಾಟಿದ ಕೂಡಲೇ ಚೆಂಡು ಮಂಚದ ಕೆಳಗೆ ಉರುಳುತ್ತಿತ್ತು.

‘ಅವರಿಗೆ ಮನಸ್ಸು ಹತ್ತೋದು ಏನರೆ ಕೊಡ್ರಿ,’ ಎಂದು ಒಂದು ದಿನ ಅವರು ನನಗೆ ಹೇಳಿದರು. ‘ಹೆಬ್ಬಟ್ಟು ದುಡೀಬೇಕು, ಅಷ್ಟೇ.’

ಆಗ ಟಿವಿಯ ಕೆಳಗೆ ಧೂಳು ಹಿಡಿಯುತ್ತಿದ್ದ ಗೇಮ್ ಕನ್ಸೋಲ್ ನೆನಪಾಯಿತು. ಸೇಡಂನ ಕಾಲೇಜಿನಲ್ಲಿ ಪಾಠ ಹೇಳಲು ಸೇರಿದ ಹೊಸದರಲ್ಲಿ ನನಗಾಗಿಯೇ ಕೊಂಡಿದ್ದು. ಬೆಳಿಗ್ಗೆ ರೈಲಿನಲ್ಲಿ ಹೋಗಿ, ಸಂಜೆ ರೈಲಿನಲ್ಲಿ ಮರಳುವಾಗ ಚಿತ್ತಾಪುರ ದಾಟಿದ ಮೇಲೆ ಸಿಮೆಂಟಿನ ಗೂಡ್ಸ್ ಗಾಡಿಗಳಿಗೆ ದಾರಿ ಬಿಟ್ಟು ನಿಂತು, ಮನೆ ಸೇರುವಷ್ಟರಲ್ಲಿ ಯಾವ ಆಟವೂ ಬೇಡವೆನಿಸುತ್ತಿತ್ತು.

ಅದರಲ್ಲಿ ಹಳೆಯ ಆಟಗಳೂ ಸಿಗುತ್ತವೆಂದು ಗೊತ್ತಿತ್ತು. ಹುಡುಕಿದೆ. ಗುಂಡಿ ದಾಟುತ್ತ ಓಡುವ ಮನುಷ್ಯನ ಆಟ ಸಿಕ್ಕಿತು. ನಾನು ಚಿಕ್ಕವಳಿದ್ದಾಗ ಅಪ್ಪ ಸಿಕಂದರಾಬಾದಿನಿಂದ ತಂದ, ಟಿವಿಗೆ ಹಚ್ಚಿ ಆಡುವ ಕ್ಯಾಸೆಟ್ ಗೇಮಿನಲ್ಲಿ ಇದೇ ಆಟವಿತ್ತು. ತಂದದ್ದು ನನಗೆ, ಆಡಿದ್ದು ಅವ್ವ. ಅಡುಗೆ ಕೆಲಸ ಮುಗಿಸಿ, ಕೈಯನ್ನು ಸೆರಗಿಗೆ ಒರೆಸಿಕೊಂಡು ಕುಳಿತರೆ ನಾನು ಶಾಲೆಯಿಂದ ಬರುವವರೆಗೂ ಏಳುತ್ತಿರಲಿಲ್ಲ. ನಾನು ಹೆದರಿ ಮೊದಲೇ ಜಿಗಿಸುತ್ತಿದ್ದೆ. ಅವ್ವ ಆ ಮನುಷ್ಯನ ಕಾಲು ಗುಂಡಿಯ ಅಂಚಿಗೆ ಬರುವವರೆಗೂ ಕಾಯುತ್ತಿದ್ದಳು.

ಹೊಸ ಟಿವಿಯಲ್ಲಿ ಆ ಹಳೆಯ ಸಂಗೀತ ಶುರುವಾದಾಗ ಅವ್ವ ದಿಂಬಿಗೆ ಒರಗಿದ್ದವಳು ನೆಟ್ಟಗೆ ಕುಳಿತಳು. ‘ಇದಿನ್ನಾ ಜೀವಂತ ಅದ?’ ಎಂದಳು. ಆಟದ ರಿಮೋಟನ್ನು ಅವಳ ಕೈಗೆ ಕೊಟ್ಟೆ. ಎಡಗೈ ಆ ಮನುಷ್ಯನನ್ನು ಓಡಿಸಬೇಕು, ಬಲಗೈಯ ಹೆಬ್ಬೆರಳು ಬಟನ್ ಒತ್ತಿ ಜಿಗಿಸಬೇಕು. ಓಡಿಸಿದಳು. ಅಂಚು ಬಂತು, ಒತ್ತಿದಳು. ಅವನು ನೇರ ಗುಂಡಿಗೆ ಬಿದ್ದ. ಮತ್ತೆ ಓಡಿಸಿದಳು, ಮತ್ತೆ ಬಿದ್ದ.

ಎದುರು ಮನೆಯ ಖಾಲಾ ಅವ್ವನ ಜೊತೆ ಹೊತ್ತು ಕಳೆಯಲು ದಿನಾ ಬರುತ್ತಿದ್ದರು. ಅವರಿಗೆ ಇದೊಂದು ತಮಾಷೆಯಾಯಿತು. ‘ಅಕ್ಕಾ, ನಿಮ್ಮ ಮನುಷ್ಯಾ ಮತ್ತ ಬಿದ್ದ ನೋಡ್ರಿ. ದಾರು ಕುಡದಾನೇನು?’

‘ನಿಮ್ಮ ಕಡೆ ನೋಡ್ಕೋತ ಓಡ್ತಾನ, ಅದಕ್ಕ ಬೀಳ್ತಾನ,’ ಎಂದು ಅವ್ವನೂ ನಗುತ್ತಿದ್ದಳು.

ಒಂದು ವಾರದಲ್ಲಿ ಆ ನಗು ನಿಂತಿತು. ನಾನು ಸೇಡಂನಿಂದ ಬಂದು ಚಪ್ಪಲಿ ಬಿಡುವಾಗ ಅವ್ವ ರಿಮೋಟನ್ನು ಮಡಿಲಲ್ಲಿಟ್ಟುಕೊಂಡು ಸುಮ್ಮನೆ ಕುಳಿತಿರುತ್ತಿದ್ದಳು. ಒಂದು ಸಂಜೆ ಹೇಳಿದಳು: ‘ಕೈ ತಡಾ ಆಗ್ಯದ. ಇನ್ನ ಬರಂಗಿಲ್ಲ.’

ಅವಳು ಕೈಯನ್ನು ಅಳೆಯುವುದು ರೊಟ್ಟಿಯಿಂದ. ಜೋಳದ ರೊಟ್ಟಿ ಬಡಿಯುವಾಗ ಬಡಿತವೇ ರೊಟ್ಟಿಯನ್ನು ತಿರುಗಿಸುತ್ತದೆ. ಕೈ ಒಂದಿಷ್ಟು ಹಿಂದೆ ಬಿದ್ದರೆ ಅಂಚು ಹರಿಯುತ್ತದೆ. ಕೈ ತಡವಾದವಳು ರೊಟ್ಟಿ ಬಡಿಯುವ ಪರಾತದ ಮುಂದೆ ಕೂರಬಾರದು ಎಂಬುದು ಅವಳ ತಾಯಿಯ ಕಾಲದ ಮಾತು. ಆಟದಲ್ಲಿಯೂ ಅವಳು ನೋಡಿದ್ದು ಅದನ್ನೇ. ಬೆರಳು ಒತ್ತುತ್ತಿದೆ, ಆದರೆ ಮನುಷ್ಯ ಹೊತ್ತಿಗೆ ಏಳುತ್ತಿಲ್ಲ. ಅಂದರೆ ಕೈ ಹೋಯಿತು.

ನನ್ನ ಫೋನಿನಿಂದಲೇ ಶಹಾಬಾದಿಗೆ ಮಾತಾಡಿದಳು. ‘ನಾಳಿಂದ ಬರಬ್ಯಾಡ್ರಿ ಬಾಯಿ. ಸುಮ್ನ ಯಾಕ ದಣೀತೀರಿ.’

ಆ ಹೊತ್ತಿಗೆ ನನಗೆ ವಾದ ಮಾಡುವಷ್ಟು ತ್ರಾಣ ಇರಲಿಲ್ಲ. ಊಟ ಮಾಡಿ ಮಲಗಿದೆ. ಚೆಂಡು ಮಂಚದ ಕೆಳಗೇ ಉಳಿಯಿತು.

ಭಾನುವಾರ ಅವ್ವ ಮತ್ತು ಖಾಲಾ ಬಾಗಿಲಲ್ಲಿ ಕುಳಿತು ಮಾತಾಡುತ್ತಿದ್ದರು. ಕನ್ಸೋಲನ್ನು ಬಿಚ್ಚಿ ಒಳಗಿಟ್ಟುಬಿಡೋಣವೆಂದು ಹೋದವಳು, ಯಾಕೋ ಒಂದು ಸಲ ಆಡಿದೆ. ಅವ್ವನ ಹಾಗೆ ಅಂಚಿಗೆ ಬರುವವರೆಗೆ ಕಾದು ಒತ್ತಿದೆ. ಬಿದ್ದೆ. ಇನ್ನೊಮ್ಮೆ ಒತ್ತಿದೆ, ಬಿದ್ದೆ. ಆಮೇಲೆ ಗುಂಡಿ ಇಲ್ಲದ ಕಡೆ ನಿಲ್ಲಿಸಿ ಬರೀ ಒತ್ತಿ ನೋಡಿದೆ. ಬೆರಳು ಬಟನ್ ಒತ್ತಿದ ಮೇಲೆ, ಒಂದು ಸಣ್ಣ ಅಂತರ ಬಿಟ್ಟು, ಆ ಮನುಷ್ಯ ಏಳುತ್ತಿದ್ದ.

ಕಾರಣ ಟಿವಿಯಲ್ಲಿತ್ತು. ಹೊಸ ಟಿವಿಗಳು ಚಿತ್ರವನ್ನು ನುಣುಪು ಮಾಡಿ ಆಮೇಲೆ ತೋರಿಸುತ್ತವೆ. ಧಾರಾವಾಹಿ ನೋಡುವವರಿಗೆ ಆ ತಡ ತಿಳಿಯುವುದಿಲ್ಲ. ನಮ್ಮ ಹಳೆಯ ಡಬ್ಬಿ ಟಿವಿಗೆ ಇಂಥ ಉಸಾಬರಿ ಇರಲಿಲ್ಲ. ಸೆಟ್ಟಿಂಗ್‌ನಲ್ಲಿ ‘ಗೇಮ್ ಮೋಡ್’ ಹುಡುಕಿ ಹಾಕಿದೆ. ಚಿತ್ರ ಸ್ವಲ್ಪ ಒರಟಾಯಿತು. ಒತ್ತಿದ ಕೂಡಲೇ ಮನುಷ್ಯ ಜಿಗಿದ.

ಅವ್ವನನ್ನು ಕರೆದು ಹೇಳಿದರೆ ನಂಬಲಿಲ್ಲ. ‘ನನ್ನ ಸಮಾಧಾನಕ್ಕ ಹೇಳಬ್ಯಾಡ. ಪಾಠ ಹೇಳೋರಿಗೆ ಸುಳ್ಳೂ ಭಾಳ ಛಂದ ಬರ್ತದ.’

ಸೆಟ್ಟಿಂಗನ್ನು ಮೊದಲಿನಂತೆ ಮಾಡಿ ಅವಳ ಮುಂದೆ ನಾನೇ ಆಡಿದೆ. ಮೊದಲ ಗುಂಡಿಗೇ ಬಿದ್ದೆ.

‘ನಿನ್ನ ಕೈಗೇನಾಗ್ಯದ?’

‘ಏನೂ ಆಗಿಲ್ಲ. ಅದನ್ನೇ ಹೇಳ್ಲಿಕತ್ತೀನಿ.’

‘ತಡಿ, ತಡಿ, ನನಗ ಕೊಡು,’ ಎಂದು ಖಾಲಾ ಕಸಿದುಕೊಂಡರು. ಎರಡೂ ಕೈಯಿಂದ ಎಲ್ಲ ಬಟನ್ ಒತ್ತಿ, ಬಿದ್ದು, ‘ಯಾ ಅಲ್ಲಾ! ನನಗೂ ಲಕ್ವಾ ಹೊಡೀತೇನ್ ಮತ್ತ?’ ಎಂದರು. ಅವ್ವ ಬಾಯಿಗೆ ಸೆರಗು ಹಿಡಿದು ನಕ್ಕಳು.

ಮತ್ತೆ ಗೇಮ್ ಮೋಡ್ ಹಾಕಿ ಅವಳ ಕೈಗೆ ಕೊಟ್ಟೆ. ನಗು ನಿಲ್ಲಿಸಿ ಓಡಿಸಿದಳು. ಮನುಷ್ಯ ಮೊದಲ ಗುಂಡಿ ದಾಟಿದ. ಅದರ ಮುಂದಿನದು ಅಗಲವಾಗಿತ್ತು. ಅವ್ವ ಅಂಚಿನವರೆಗೆ ಕಾದಳು. ಹೆಬ್ಬೆರಳು ಒಂದಿಷ್ಟು ತಡವಾಗಿ ಇಳಿಯಿತು. ಮನುಷ್ಯ ಬಿದ್ದ.

ನಾನು ಟಿವಿಯ ಕಡೆ ನೋಡಿದೆ, ಇನ್ನೇನು ಕಾರಣ ಹೇಳಲಿ ಎಂದು.

‘ಅದರ ಕಡೆ ಯಾಕ ನೋಡ್ತೀದಿ? ಇದು ಟಿವಿದಲ್ಲ, ಇದು ನಂದೇ,’ ಎಂದಳು. ಬೆರಳನ್ನು ಎತ್ತಿ ಹಿಡಿದು ನೋಡಿಕೊಂಡಳು. ಬೇಸರವಿತ್ತು, ಆದರೆ ಆ ವಾರದ ಬೇಸರ ಅಲ್ಲ. ‘ಫೋನ್ ಹಚ್ಚು.’

ಶಹಾಬಾದಿಗೆ ಹಚ್ಚಿಕೊಟ್ಟೆ. ಆ ಕಡೆಯವರು ಏನೆಂದರೋ ಕೇಳಿಸಲಿಲ್ಲ. ‘ಹೂಂ ರಿ. ಬರ್ರಿ,’ ಎಂದಳು ಅವ್ವ. ‘ತಡಾ ಅದ ಖರೇ. ಆದ್ರ ನಾ ತಿಳದಷ್ಟಿಲ್ಲ.’

ಖಾಲಾ ಎದ್ದು ಮನೆಗೆ ಹೋದರು. ನಾನು ಮಂಚದಲ್ಲಿ ಉಳಿದಷ್ಟು ಜಾಗದಲ್ಲಿ ಅಡ್ಡಾಗಿ ಕಣ್ಣು ಮುಚ್ಚಿದೆ. ಮರುದಿನದ ಪಾಠ ಓದಬೇಕಿತ್ತು. ಆ ಮನುಷ್ಯ ಬಿದ್ದ ಸದ್ದು ಬಂತು. ಸ್ವಲ್ಪ ಹೊತ್ತಿಗೆ ಮತ್ತೆ ಬಂತು. ಅವ್ವ ಆಡುತ್ತಲೇ ಇದ್ದಳು.