ರೈಲಿನಲ್ಲಿ ಸಿಕ್ಕ ಸತ್ತ ಸೈನಿಕ

“ಅಯ್ಯೋ ಮಾರಾಯ್ರೆ, ನೀವು ನಿನ್ನೆ ಸತ್ರಲ್ಲ!”

ಸ್ವಾತಂತ್ರ್ಯಕ್ಕೆ ಮುಂಚೆ ಓಡುತ್ತಿದ್ದ ನರಸಿಂಹರಾಜಪುರದ ಪುಟ್ಟ ರೈಲಿನಲ್ಲಿ, ಎದುರು ಕುಳಿತವನನ್ನು ನೋಡಿ ನನ್ನ ಚಿಕ್ಕಮ್ಮ ಕೂಗಿಬಿಟ್ಟಳು. ಹಿಂದಿನ ದಿನ ಕೊಪ್ಪದ ಟೆಂಟಿನಲ್ಲಿ ನೋಡಿದ ಸಿನಿಮಾದಲ್ಲಿ, ಮೊದಲ ಕಾಳಗಕ್ಕೇ ಈಟಿ ತಗುಲಿ ಸತ್ತ ಸೈನಿಕ ಆತನೇ!

ಆತ ನಾಚಿ ನಕ್ಕ. “ಎಲ್ಲಾ ಚಿತ್ರದಲ್ಲೂ ಸಾಯೋದೇ ನನ್ನ ಕೆಲಸ ಅಮ್ಮ. ಆದ್ರೆ ಈಗ ಮಾಡ್ತಿರೋದ್ರಲ್ಲಿ ಇಂಟರ್‌ವಲ್‌ವರೆಗೂ ಬದುಕಿರ್ತೀನಿ!” ಬಡ್ತಿ ಸಿಕ್ಕ ಗುಮಾಸ್ತನ ಹಿಗ್ಗು ಆ ಮುಖದಲ್ಲಿತ್ತು.

ಮರುವರ್ಷ ಆ ಚಿತ್ರವೂ ಕೊಪ್ಪಕ್ಕೆ ಬಂತು. ಇಂಟರ್‌ವಲ್ ಗಂಟೆ ಹೊಡೆದಾಗ ಆತ ಕುದುರೆಯ ಮೇಲೆ ಗಟ್ಟಿಯಾಗಿ ಕುಳಿತಿದ್ದ. ಚಪ್ಪಾಳೆ ತಟ್ಟಿದವರು ನಾವಿಬ್ಬರೇ. ಚಿಕ್ಕಮ್ಮ ಸೆರಗು ಸರಿಮಾಡಿಕೊಂಡು ಎದ್ದಳು. “ಏಳು, ಹೋಗಣ. ಮುಂದಿಂದು ನೋಡದು ಬ್ಯಾಡ.”

ಉಳಿದರ್ಧವನ್ನು ನಾನು ಇವತ್ತಿಗೂ ನೋಡಿಲ್ಲ. ನಮ್ಮ ಪಾಲಿಗೆ ಆತ ಇನ್ನೂ ಕುದುರೆಯ ಮೇಲೇ ಇದ್ದಾನೆ.